ದುಡಿಕೊಟ್ಟ್ ಪಾಟ್ ಯಾರ ಸ್ವತ್ತು?

ಪ್ರಶ್ನೆ: ಕೊಡಗಿನ ಸುಗ್ಗಿ ಹಬ್ಬವಾದ ಕಳೆದ ಹುತ್ತರಿಯಲ್ಲಿ ನಮ್ಮ ಐನ್‌ಮನೆಯಲ್ಲಿ (ಕುಲದ ಮೂಲಮನೆಯಲ್ಲಿ) ದೊಡ್ಡಪ್ಪ ಮತ್ತು ಇತರ ಮೂವರು ಹಿರಿಯರು ದುಡಿ ಎಂಬ ಚರ್ಮವಾದ್ಯ ಬಡಿದು ಹಾಡಿದ ಪಾಟನ್ನು (ಕೊಡವ ಜನಪದ ಹಾಡನ್ನು) ಪರಿಚಿತರೊಬ್ಬರು ಮೊಬೈಲಿನಲ್ಲಿ ರೆಕಾರ್ಡ್ ಮಾಡಿಕೊಂಡು, ಹಾಡಿದವರ ಹೆಸರು ಹಾಕದೆ, ‘ಸಾಹಿತ್ಯ ಮತ್ತು ಸರ್ವಹಕ್ಕು ನನ್ನದು’ ಎಂದು ಅಂತರ್ಜಾಲಕ್ಕೆ ಏರಿಸಿದ್ದಾರೆ. ಕೊಡವ ಪಾಟುಗಳ ಸಂಗ್ರಹವಾದ ‘ಪಟ್ಟೋಲೆ ಪಳಮೆ’ಯಲ್ಲೂ ಇರುವ ಆ ಪಾಟನ್ನು ನಮ್ಮ ಒಕ್ಕದ (ಕುಲದ) ಸ್ಮರಣ ಸಂಚಿಕೆಯಲ್ಲಿ ಅಚ್ಚು ಹಾಕಲು ಅವರ ಅನುಮತಿ ಬೇಕೆ?
— ಓದುಗರೊಬ್ಬರು, ನಾಪೋಕ್ಲು

ಉತ್ತರ: ಬೇಡ. ತಲೆಮಾರುಗಳಿಂದ ಬಾಯಿಂದ ಬಾಯಿಗೆ ಬಂದ ಪಾಟಿಗೆ ಕರ್ತೃವಿಲ್ಲ. ರೆಕಾರ್ಡ್ ಮಾಡಿದವರಿಗೆ ಹೆಚ್ಚೆಂದರೆ ಆ ಧ್ವನಿಮುದ್ರಣದ ಮೇಲೆ ಹಕ್ಕಿರಬಹುದೇ ಹೊರತು ಪಾಟಿನ ಮೇಲಲ್ಲ.

ಕೃತಿ ತನ್ನದೆಂದು ಹೇಳಿಕೊಳ್ಳುವುದೇ ನಮ್ಮಲ್ಲಿ ಈಚಿನ ರೂಢಿ. ವೀರನಾರಾಯಣನೇ ಕವಿ, ತಾನು ಬರಿಯ ಲಿಪಿಕಾರ ಎಂದವನು ಕುಮಾರವ್ಯಾಸ. ವಚನಕಾರರು ತಮ್ಮ ಹೆಸರಿನ ಜಾಗದಲ್ಲಿ ಇಷ್ಟದೈವದ ಅಂಕಿತವಿಟ್ಟರು. ಇಬ್ಬರು ಹಾಡಿದ ಸಾಲನ್ನು ಇನ್ನಿಬ್ಬರು ಎತ್ತಿಕೊಳ್ಳುವ ದುಡಿಕೊಟ್ಟ್ ಪಾಟಿನಲ್ಲಿ ಆ ಅಂಕಿತವೂ ಇಲ್ಲ. ಅಚ್ಚಿನ ವ್ಯಾಪಾರ ಬೆಳೆದ ಮೇಲೆ, 1710ರ ಇಂಗ್ಲೆಂಡಿನ ಕಾನೂನು ಲೇಖಕನಿಗೆ 14 ವರ್ಷಗಳ ಹಕ್ಕು ಕೊಟ್ಟಿತು. ನಮಗೆ ಈಗ ಅನ್ವಯಿಸುವುದು 1957ರ ಕೃತಿಸ್ವಾಮ್ಯ ಕಾಯಿದೆ.

ನಡಿಕೇರಿಯಂಡ ಚಿಣ್ಣಪ್ಪನವರು ಹಿರಿಯರ ಬಾಯಿಂದ ಪಾಟುಗಳನ್ನು ಸಂಗ್ರಹಿಸಿ 1924ರಲ್ಲಿ ‘ಪಟ್ಟೋಲೆ ಪಳಮೆ’ಯನ್ನು ಪ್ರಕಟಿಸಿದರು. ಪಾಟುಗಳು ಅವರ ರಚನೆಯಲ್ಲದಿದ್ದರೂ ಆಯ್ಕೆ ಮತ್ತು ಜೋಡಣೆಯ ಶ್ರಮಕ್ಕೆ ಕಾನೂನಿನ ರಕ್ಷಣೆ ಇತ್ತು. ಅವರು ತೀರಿಕೊಂಡದ್ದು 1931ರಲ್ಲಿ. ಆಗಿನ ನಿಯಮದಂತೆ ಮರಣಾನಂತರದ 50 ವರ್ಷ 1981ರ ಕೊನೆಗೆ ಮುಗಿಯಿತು. ಆ ಅವಧಿ ಈಗ 60 ವರ್ಷವಾಗಿದ್ದರೂ ಮುಗಿದ ಹಕ್ಕು ಮರಳುವುದಿಲ್ಲ. ಆದರೆ ಈಚಿನ ಆವೃತ್ತಿಗಳ ಮುನ್ನುಡಿ, ಟಿಪ್ಪಣಿ, ಅನುವಾದಗಳ ಹಕ್ಕು ಬೇರೆ. ಅವನ್ನು ಕೇಳದೆ ಎತ್ತಿಕೊಳ್ಳಬೇಡಿ.

ನೀವು ಕೇಳದೇ ಉಳಿದ ಪ್ರಶ್ನೆಯೇ ನನಗೆ ದೊಡ್ಡದಾಗಿ ಕಾಣುತ್ತದೆ. ದೊಡ್ಡಪ್ಪನವರು ಪಾಟಿನ ಕರ್ತೃವಲ್ಲ, ಆದರೆ ಕಾನೂನಿನ ಕಣ್ಣಿನಲ್ಲಿ ಅವರು ಪ್ರದರ್ಶಕರು. ಪ್ರದರ್ಶಕರ ಹಕ್ಕು 50 ವರ್ಷ ಇರುತ್ತದೆ, ಹಾಡಿದ್ದನ್ನು ರೆಕಾರ್ಡ್ ಮಾಡಿ ಹಂಚಲು ಅವರ ಒಪ್ಪಿಗೆ ಬೇಕು, ಮತ್ತು 2012ರ ತಿದ್ದುಪಡಿಯ ನಂತರ ತಮ್ಮ ಹೆಸರು ಹಾಕಿಸಿಕೊಳ್ಳುವ ಹಕ್ಕೂ ಅವರಿಗಿದೆ. ಆ ಪರಿಚಿತರು ತಾವೇ ಕಟ್ಟಿದ ಸಾಲುಗಳನ್ನು ಸೇರಿಸಿದ್ದರೆ ಆ ಸಾಲುಗಳಷ್ಟೇ ಅವರದು. ನಾಲ್ವರ ಹೆಸರನ್ನು ಸೇರಿಸಿ, ‘ಸಾಹಿತ್ಯ ನನ್ನದು’ ಎಂಬುದನ್ನು ತೆಗೆಯಬೇಕೆಂದು ಅವರಿಗೆ ಮೊದಲು ಒಂದು ಕಾಗದ ಬರೆಯಿರಿ. ಊರೊಳಗಿನ ಮಾತಿಗೆ ವಕೀಲರ ನೋಟಿಸು ಆಮೇಲಾದರೂ ಆದೀತು.

ದೊಡ್ಡಪ್ಪನವರು ಹಾಡುವ ರೂಪ ‘ಪಟ್ಟೋಲೆ ಪಳಮೆ’ಯಲ್ಲಿರುವುದಕ್ಕಿಂತ ಅಲ್ಲಲ್ಲಿ ಬೇರೆಯಾಗಿದ್ದರೆ, ಅವರನ್ನು ಕೂರಿಸಿ ಕೇಳಿ ಬರೆದುಕೊಂಡು ಅದನ್ನೇ ಸಂಚಿಕೆಗೆ ಹಾಕಿ, ಕೆಳಗೆ ನಾಲ್ವರ ಮನೆಹೆಸರು ಸಹಿತ ಹೆಸರುಗಳನ್ನು ಅಚ್ಚು ಮಾಡಿಸಿ.