ಕ್ರೀಡಾ ಪ್ರಶ್ನೋತ್ತರ: ಅಂಗಿ ಜಗ್ಗದ ಸ್ಟಾಪರ್, ಅಂಗಿ ಜಗ್ಗಿದ ಸ್ಟಾಪರ್

ಹಿಂದಿನ ಸಂಚಿಕೆಯಲ್ಲಿ ಕ್ರೀಡಾಮನೋಭಾವದ ಕುರಿತು ಬಂದ ಪ್ರಶ್ನೆಯೊಂದಕ್ಕೆ ಉತ್ತರಿಸುವಾಗ, ಫೌಲ್ ಮಾಡದೆ ಇದ್ದುದಕ್ಕಾಗಿಯೇ ತುರ್ಕಿಯ ಸ್ಟಾಪರ್, ಅಂದರೆ ಗೋಲಿನ ಮುಂದೆ ನಡುವೆ ನಿಲ್ಲುವ ರಕ್ಷಣಾ ಆಟಗಾರ, ಆಲ್ಪಾಯ್ ಓಜಲಾನ್ ಅವರಿಗೆ ಪ್ರಶಸ್ತಿ ಸಿಕ್ಕಿತ್ತು ಎಂದು ಒಂದೇ ವಾಕ್ಯದಲ್ಲಿ ಹೇಳಿ ಮುಂದೆ ಹೋಗಿದ್ದೆ. ಮುಕ್ಕಾಲು ಪಾಲು ಕ್ರಿಕೆಟ್ ಪ್ರಶ್ನೆಗಳೇ ಬರುವ ಈ ಅಂಕಣಕ್ಕೆ ಆ ವಾಕ್ಯ ವಿಜಯಪುರ, ಬಾಗಲಕೋಟೆ, ಬೆಳಗಾವಿಗಳಿಂದ ಫುಟ್ಬಾಲಿನ ಪತ್ರಗಳನ್ನು ತಂದುಕೊಟ್ಟಿದೆ. ಈ ಸಲದ ಜಾಗವನ್ನೆಲ್ಲ ಅವುಗಳಿಗೇ ಬಿಟ್ಟುಕೊಟ್ಟಿದ್ದೇನೆ.

ಪ್ರಶ್ನೆ: ಮಾನ್ಯರೇ, ಆ ಪ್ರಶಸ್ತಿಯ ಕಥೆಯನ್ನು ಪೂರ್ತಿಯಾಗಿ ತಿಳಿಸಿ. ಎದುರಾಳಿಯನ್ನು ಗೋಲಿನತ್ತ ಹೋಗಲು ಬಿಟ್ಟ ಸ್ಟಾಪರ್‌ಗೆ ಪ್ರಶಸ್ತಿ ಕೊಡುವುದು ಸರಿಯೇ? ನಮ್ಮ ಶಾಲೆಯ ತಂಡದ ಹುಡುಗರಿಗೆ ನಾನು ಏನೆಂದು ಹೇಳಿಕೊಡಲಿ?
ದೈಹಿಕ ಶಿಕ್ಷಣ ಶಿಕ್ಷಕರೊಬ್ಬರು, ವಿಜಯಪುರ

ಉತ್ತರ: ಆಲ್ಪಾಯ್ ಹುಟ್ಟಿದ್ದು 1973ರ ಮೇ 29ರಂದು, ತುರ್ಕಿಯ ಪಶ್ಚಿಮ ಕರಾವಳಿಯ ಇಜ್ಮಿರ್ ನಗರದ ಕಾರ್ಶಿಯಾಕಾದಲ್ಲಿ. ಅದೇ ನಗರದ ಆಲ್ತಾಯ್ ಕ್ಲಬ್ಬಿನಲ್ಲಿ ಆಡಿ, 1993ರಲ್ಲಿ ಇಸ್ತಾಂಬುಲ್‌ನ ಬೆಶಿಕ್ತಾಶ್ ಸೇರಿದರು. ಜರ್ಮನಿಯ ಕ್ರಿಸ್ಟೋಫ್ ಡೌಮ್ ತರಬೇತಿಯಲ್ಲಿ ಆ ತಂಡ 1994-95ರ ಲೀಗ್ ಗೆದ್ದಾಗ ರಕ್ಷಣೆಯ ನಡುಗಂಬ ಅವರೇ ಆಗಿದ್ದರು. ಎತ್ತರದ ಆಳು, ತಲೆಯಿಂದ ಚೆಂಡು ತೆಗೆಯುವುದರಲ್ಲಿ ನಿಪುಣರು, ಮೈಮೇಲೆ ಬೀಳುವ ಆಟಕ್ಕೆ ಹಿಂಜರಿಯದವರು. ಇಂಥವರು ಎದುರಾಳಿಯನ್ನು ಮುಟ್ಟದೆ ಬಿಟ್ಟರು ಎಂಬುದೇ ಈ ಕಥೆಯ ವಿಚಿತ್ರ.

ತುರ್ಕಿ ಮೊಟ್ಟಮೊದಲ ಬಾರಿಗೆ ಯುರೋ ಕಪ್ಪಿನ ಅಂತಿಮ ಸುತ್ತಿಗೆ ಬಂದದ್ದು 1996ರಲ್ಲಿ, ಫಾತಿಹ್ ತೆರಿಮ್ ತರಬೇತುದಾರರಾಗಿದ್ದಾಗ. ಜೂನ್ 11ರಂದು ಇಂಗ್ಲೆಂಡಿನ ನಾಟಿಂಗ್‌ಹ್ಯಾಮ್‌ನ ಸಿಟಿ ಗ್ರೌಂಡಿನಲ್ಲಿ ಕ್ರೊಯೇಷಿಯಾದ ಎದುರು ಮೊದಲ ಪಂದ್ಯ. 86ನೇ ನಿಮಿಷದವರೆಗೂ ಎರಡೂ ಕಡೆ ಗೋಲಿಲ್ಲ. ತುರ್ಕಿಯವರು ಗೆಲುವಿನ ಆಸೆಗೆ ಬಿದ್ದು ಮುಂದಕ್ಕೆ ನುಗ್ಗಿದ್ದ ಹೊತ್ತಿನಲ್ಲಿ ಚೆಂಡು ತಪ್ಪಿ, ಬದಲಿ ಆಟಗಾರನಾಗಿ ಇಳಿದಿದ್ದ ಗೊರಾನ್ ವ್ಲಾವೊವಿಚ್ ಅವರ ಕಾಲಿಗೆ ಸಿಕ್ಕಿತು. ವ್ಲಾವೊವಿಚ್ ಹಿಂದಿನ ವರ್ಷವಷ್ಟೇ ಮೆದುಳಿನ ಶಸ್ತ್ರಚಿಕಿತ್ಸೆ ಮಾಡಿಸಿಕೊಂಡಿದ್ದವರು. ಅವರಿಗೂ ಗೋಲಿಗೂ ನಡುವೆ ಉಳಿದಿದ್ದವರು ಆಲ್ಪಾಯ್ ಮತ್ತು ಗೋಲ್‌ಕೀಪರ್ ರುಷ್ತು ರೆಚ್ಬೆರ್ ಇಬ್ಬರೇ. ನಡುಗೆರೆಯ ಆಸುಪಾಸಿನಿಂದ ಓಟ ಶುರುವಾಯಿತು. ಆಲ್ಪಾಯ್ ಅಂಗಿ ಹಿಡಿಯಬಹುದಿತ್ತು, ಕಾಲು ಕೊಡಬಹುದಿತ್ತು. ಎರಡನ್ನೂ ಮಾಡದೆ ಬೆನ್ನಟ್ಟಿದರು, ಸಿಗಲಿಲ್ಲ. ವ್ಲಾವೊವಿಚ್ ರುಷ್ತು ಅವರನ್ನೂ ದಾಟಿ ಖಾಲಿ ಗೋಲಿಗೆ ಚೆಂಡು ಸೇರಿಸಿದರು. ಆ ಬಳಿಕ ಪೋರ್ಚುಗಲ್‌ಗೆ 0-1, ಡೆನ್ಮಾರ್ಕ್‌ಗೆ 0-3ರಿಂದ ಸೋತ ತುರ್ಕಿ ಒಂದು ಗೋಲನ್ನೂ ಹೊಡೆಯದೆ ಮನೆಗೆ ಮರಳಿತು. ಆಲ್ಪಾಯ್ ಅವರಿಗೆ ಫೇರ್ ಪ್ಲೇ ಪ್ರಶಸ್ತಿ ಬಂತು. ತವರಿನಲ್ಲಿ ಅವರನ್ನು ಹೊಗಳಿದವರಿಗಿಂತ ಬೈದವರೇ ಹೆಚ್ಚು.

ಪ್ರಶಸ್ತಿ ಸರಿಯೇ ಎಂಬ ನಿಮ್ಮ ಪ್ರಶ್ನೆಗೆ ಬರುತ್ತೇನೆ. ನಿಯಮ ಮುರಿಯದೆ ಆಡುವುದು ಆಟಗಾರನ ಕನಿಷ್ಠ ಕರ್ತವ್ಯ. ಕರ್ತವ್ಯಕ್ಕೆ ಪ್ರಶಸ್ತಿ ಕೊಡಬೇಕಾಗಿ ಬಂದಿದ್ದರೆ, ಆ ಹೊತ್ತಿಗೆ ಫುಟ್ಬಾಲಿನಲ್ಲಿ ಅಂಗಿ ಜಗ್ಗುವುದು ಎಷ್ಟು ಸಹಜವಾಗಿತ್ತೆಂದು ಅದೇ ಹೇಳುತ್ತದೆ. ಆದರೆ ಹುಡುಗರಿಗೆ ಈ ಕಥೆ ಹೇಳುವಾಗ ಕೊನೆಯ ಎರಡು ಸೆಕೆಂಡುಗಳನ್ನಷ್ಟೇ ಹೇಳಬೇಡಿ. ಅದಕ್ಕೂ ಹತ್ತು ಸೆಕೆಂಡು ಮೊದಲು, ಸಮಬಲದ ಪಂದ್ಯದ ಕೊನೆಯ ನಿಮಿಷಗಳಲ್ಲಿ, ಹಿಂದೆ ಒಬ್ಬನನ್ನೇ ಬಿಟ್ಟು ತಂಡವೆಲ್ಲ ಮುಂದಕ್ಕೆ ಏಕೆ ಹೋಗಿತ್ತು ಎಂದು ಕೇಳಿ. ಒಂಟಿಯಾಗಿ ಉಳಿದ ಸ್ಟಾಪರ್ ಜಗ್ಗಿದರೂ ತಪ್ಪು, ಬಿಟ್ಟರೂ ತಪ್ಪು. ನಿಮ್ಮ ಊರಿನ ಬುರುಜಿನ ಮೇಲಿರುವ ಮಲಿಕ್-ಎ-ಮೈದಾನ್ ತೋಪನ್ನು ಎರಕ ಹೊಯ್ದವನೂ ತುರ್ಕಿ ಕಡೆಯ ರೂಮಿಯೇ ಎಂಬುದನ್ನು ಹುಡುಗರಿಗೆ ಹೇಗೂ ಹೇಳಿರುತ್ತೀರಿ; ಮೈದಾನದ ಒಡೆಯನೆಂದು ಹೆಸರು ಪಡೆದ ಆ ತೋಪು ಕೂಡ ಸುತ್ತ ಕೋಟೆಯಿಲ್ಲದೆ ಒಂಟಿಯಾಗಿ ನಿಂತಿರಲಿಲ್ಲ.

ಪ್ರಶ್ನೆ: 2002ರ ವಿಶ್ವಕಪ್ಪಿನಲ್ಲಿ ಬ್ರೆಜಿಲ್ ವಿರುದ್ಧ ಅಂಗಿ ಜಗ್ಗಿ ಕೆಂಪು ಕಾರ್ಡ್ ಪಡೆದವರೂ ಇದೇ ಆಲ್ಪಾಯ್ ಅಲ್ಲವೇ? ಆ ಪೆನಾಲ್ಟಿ ತಪ್ಪು ತೀರ್ಪು ಎಂದು ನನ್ನ ಗೆಳೆಯರು ವಾದಿಸುತ್ತಾರೆ. ನಿಯಮ ಏನು ಹೇಳುತ್ತದೆ?
ಕಾಲೇಜು ವಿದ್ಯಾರ್ಥಿ, ಬಾಗಲಕೋಟೆ

ಉತ್ತರ: ಹೌದು, ಅವರೇ. ಈ ಆಟಗಾರನ ಬದುಕಿನಲ್ಲಿ ನನ್ನನ್ನು ಹೆಚ್ಚು ಕಾಡುವುದು ಈ ಎರಡು ಪಂದ್ಯಗಳ ಜೋಡಿ.

2002ರ ಜೂನ್ 3ರಂದು ದಕ್ಷಿಣ ಕೊರಿಯಾದ ಉಲ್ಸಾನ್‌ನಲ್ಲಿ ಆ ಪಂದ್ಯ ನಡೆಯಿತು. ವಿಶ್ವಕಪ್ಪಿಗೆ 1954ರ ನಂತರ ಮೊದಲ ಬಾರಿ ಬಂದಿದ್ದ ತುರ್ಕಿಗೆ ಹಸನ್ ಶಾಶ್ ಮೊದಲರ್ಧದ ಕೊನೆಯಲ್ಲಿ ಮುನ್ನಡೆ ತಂದುಕೊಟ್ಟರು. ವಿರಾಮದ ಬಳಿಕ ಬ್ರೆಜಿಲ್‌ನ ರೊನಾಲ್ಡೊ ಸಮ ಮಾಡಿದರು. ಪಂದ್ಯ ಮುಗಿಯಲು ನಾಲ್ಕೈದು ನಿಮಿಷ ಇರುವಾಗ, ರೊನಾಲ್ಡೊ ಬದಲಿಗೆ ಇಳಿದಿದ್ದ ಲುಯಿಜಾವೊ ಚೆಂಡಿನೊಡನೆ ಗೋಲಿನತ್ತ ಓಡಿದರು. ಬೆನ್ನಟ್ಟಿದ ಆಲ್ಪಾಯ್ ಈ ಸಲ ಅಂಗಿಗೆ ಕೈ ಹಾಕಿದರು. ಲುಯಿಜಾವೊ ಬಿದ್ದದ್ದು ಗೋಲಿನ ಮುಂದಿನ ಪೆನಾಲ್ಟಿ ಬಾಕ್ಸಿನೊಳಗೆ. ಕೊರಿಯಾದ ರೆಫರಿ ಕಿಮ್ ಯಂಗ್-ಜೂ ಪೆನಾಲ್ಟಿ ಕೊಟ್ಟು ಕೆಂಪು ಕಾರ್ಡನ್ನೂ ತೋರಿಸಿದರು. ರಿವಾಲ್ಡೊ ಗೋಲು ಹೊಡೆದು ಬ್ರೆಜಿಲ್ 2-1ರಿಂದ ಗೆದ್ದಿತು. ಆಮೇಲೆ ಹಕಾನ್ ಉನ್ಸಾಲ್ ಒದ್ದ ಚೆಂಡು ತೊಡೆಗೆ ತಾಗಿದರೂ ಮುಖ ಹಿಡಿದುಕೊಂಡು ಬಿದ್ದ ರಿವಾಲ್ಡೊ ನಾಟಕಕ್ಕೆ ಫಿಫಾ ದಂಡ ಹಾಕಿತು. ಉನ್ಸಾಲ್‌ಗೆ ಸಿಕ್ಕ ಕೆಂಪು ಕಾರ್ಡ್ ಮಾತ್ರ ಹಾಗೆಯೇ ಉಳಿಯಿತು.

ಇನ್ನು ನಿಯಮ. ಸ್ಪಷ್ಟವಾದ ಗೋಲಿನ ಅವಕಾಶವನ್ನು ಫೌಲ್ ಮಾಡಿ ತಪ್ಪಿಸಿದವರನ್ನು ಹೊರಗೆ ಕಳಿಸಬೇಕೆಂಬ ಕಟ್ಟಳೆ 1990ರ ದಶಕದ ಆರಂಭದಿಂದ ಜಾರಿಯಲ್ಲಿದೆ. ಅವಕಾಶ ಸ್ಪಷ್ಟವೇ ಎಂದು ತೂಗುವಾಗ ರೆಫರಿ ಗೋಲಿಗೆ ಇರುವ ದೂರ, ಆಟ ಸಾಗುತ್ತಿರುವ ದಿಕ್ಕು, ಚೆಂಡು ದಾಳಿಗಾರನ ಹಿಡಿತದಲ್ಲಿ ಉಳಿಯುವ ಸಂಭವ, ಉಳಿದ ರಕ್ಷಕರು ಎಷ್ಟು ಮಂದಿ ಮತ್ತು ಎಲ್ಲಿ ಇದ್ದಾರೆ ಎಂಬುದನ್ನು ನೋಡುತ್ತಾರೆ. ಈ ನಾಲ್ಕರಲ್ಲಿ ಯಾವುದರಿಂದ ನೋಡಿದರೂ ಕೆಂಪು ಕಾರ್ಡಿನ ಬಗ್ಗೆ ವಾದಕ್ಕೆ ಜಾಗ ಕಡಿಮೆ. 2016ರಲ್ಲಿ ಈ ಕಟ್ಟಳೆಯನ್ನು ಸಡಿಲಿಸಿ, ಬಾಕ್ಸಿನೊಳಗೆ ಚೆಂಡಿಗಾಗಿ ಪ್ರಾಮಾಣಿಕವಾಗಿ ಕಾಲು ಹಾಕಿ ಫೌಲ್ ಆದರೆ ಪೆನಾಲ್ಟಿಯ ಜೊತೆಗೆ ಹಳದಿ ಕಾರ್ಡ್ ಸಾಕು ಎಂದು ಮಾಡಿದರು. ಆದರೆ ಹಿಡಿಯುವುದು, ಜಗ್ಗುವುದು, ನೂಕುವುದು ಚೆಂಡಿಗಾಗಿ ಮಾಡಿದ ಪ್ರಯತ್ನವಲ್ಲವಾದ್ದರಿಂದ ಆ ರಿಯಾಯಿತಿ ಅವಕ್ಕೆ ಇಲ್ಲ. ಅಂದರೆ ಆಲ್ಪಾಯ್ ಇವತ್ತು ಅದನ್ನೇ ಮಾಡಿದರೂ ಹೊರಗೆ ಹೋಗಬೇಕು.

ಪೆನಾಲ್ಟಿಯ ವಿಷಯದಲ್ಲಿ ನಿಮ್ಮ ಗೆಳೆಯರ ವಾದಕ್ಕೆ ತೂಕವಿದೆ. ಜಗ್ಗಾಟ ಶುರುವಾದದ್ದು ಬಾಕ್ಸಿನ ಹೊರಗೆ ಎಂಬುದು ಮರುದೃಶ್ಯಗಳಲ್ಲಿ ಕಾಣುತ್ತದೆ. ಹೊರಗೆ ಶುರುವಾದ ಹಿಡಿತ ಒಳಗೂ ಮುಂದುವರಿದರೆ ಪೆನಾಲ್ಟಿ ಕೊಡಬೇಕೆಂದು ಇಂದಿನ ನಿಯಮ ಹೇಳುತ್ತದೆ. ಹೊರಗೇ ಕೈ ಬಿಟ್ಟು ಆಟಗಾರ ಒಳಗೆ ಬಂದು ಬಿದ್ದಿದ್ದರೆ ಬರೀ ಫ್ರೀ ಕಿಕ್. ನನ್ನ ಕಣ್ಣಿಗೆ ಅದು ಫ್ರೀ ಕಿಕ್ಕೇ. ರೆಫರಿ ನೋಡಿದ್ದು ಒಂದೇ ಸಲ, ಪೂರ್ತಿ ವೇಗದಲ್ಲಿ ಎಂಬುದನ್ನು ಒಪ್ಪಿಕೊಂಡೇ ಈ ಮಾತು ಹೇಳುತ್ತಿದ್ದೇನೆ.

ಈಗ ಎರಡು ಪಂದ್ಯಗಳನ್ನು ಪಕ್ಕಪಕ್ಕದಲ್ಲಿ ಇಟ್ಟು ನೋಡಿ. ಎರಡೂ ಸಲ ಗುಂಪಿನ ಮೊದಲ ಪಂದ್ಯ, ಎರಡೂ ಸಲ ಸಮಬಲ, ಎರಡೂ ಸಲ ಕೊನೆಯ ಐದು ನಿಮಿಷ, ಎರಡೂ ಸಲ ಬದಲಿಯಾಗಿ ಇಳಿದ ದಣಿಯದ ಕಾಲಿನ ಫಾರ್ವರ್ಡ್. ಬರೀ ಲಾಭನಷ್ಟದ ಲೆಕ್ಕ ಹಾಕುವ ಆಟಗಾರನಾದರೆ, 1996ರಲ್ಲಿ ಗೋಲಿನಿಂದ ಅಷ್ಟು ದೂರದಲ್ಲಿ ಜಗ್ಗಿಬಿಡುತ್ತಿದ್ದ. ತಂಡ ಕಳೆದುಕೊಳ್ಳುತ್ತಿದ್ದುದು ನಾಲ್ಕು ನಿಮಿಷಕ್ಕೆ ಒಬ್ಬ ಆಟಗಾರನನ್ನು, ಕೊಡುತ್ತಿದ್ದುದು ದೂರದ ಒಂದು ಫ್ರೀ ಕಿಕ್ಕನ್ನು. ಅದೇ ಲೆಕ್ಕದವನು 2002ರಲ್ಲಿ ಬಾಕ್ಸಿನ ಅಂಚಿನಲ್ಲಿ ಕೈಯನ್ನು ಹಿಂದಕ್ಕೆ ತೆಗೆದುಕೊಂಡು ಗೋಲ್‌ಕೀಪರ್‌ನನ್ನು ನಂಬುತ್ತಿದ್ದ. ಆಲ್ಪಾಯ್ ಎರಡೂ ಕಡೆ ಲೆಕ್ಕವನ್ನು ತಲೆಕೆಳಗು ಮಾಡಿದರು. ಹೀಗಾಗಿ ಅವರನ್ನು ಲೆಕ್ಕಾಚಾರದ ಮೋಸಗಾರ ಎಂದು ಕರೆಯುವವರ ಮಾತನ್ನು ನಾನು ಒಪ್ಪುವುದಿಲ್ಲ. ಆ ಕ್ಷಣದ ರಕ್ತ ಹೇಳಿದಂತೆ ನಡೆದ ಮನುಷ್ಯ ಅವರು. ನಡುವೆ 2000ದ ಯುರೋ ಕಪ್ಪಿನ ಕ್ವಾರ್ಟರ್‌ಫೈನಲಿನಲ್ಲಿ ಪೋರ್ಚುಗಲ್‌ನ ಫೆರ್ನಾಂಡೊ ಕೋಟೊ ಅವರ ಮೇಲೆ ಕೈ ಮಾಡಿ ಅರ್ಧ ಗಂಟೆಯೊಳಗೇ ಹೊರಗೆ ಹೋಗಿದ್ದೂ ಈ ಮಾತಿಗೆ ಸಾಕ್ಷಿ.

ಉಲ್ಸಾನ್‌ಗೇ 2002ರ ಕಥೆ ಮುಗಿಯಲಿಲ್ಲ. ಶಿಕ್ಷೆ ಮುಗಿಸಿ ಮರಳಿದ ಆಲ್ಪಾಯ್, ಗಲತಸರಾಯ್ ಕ್ಲಬ್ಬಿನ ಬುಲೆಂತ್ ಕೊರ್ಕ್ಮಾಜ್ ಜೊತೆಗೆ ಕಟ್ಟಿದ ಗೋಡೆಯನ್ನು ಜಪಾನ್ ದಾಟಲಿಲ್ಲ, ಸೆನೆಗಲ್ಲೂ ದಾಟಲಿಲ್ಲ. ಎರಡು ಪಂದ್ಯಗಳಲ್ಲೂ ತುರ್ಕಿ 1-0ರಿಂದ ಗೆದ್ದಿತು. ಸೆಮಿಫೈನಲಿನಲ್ಲಿ ಮತ್ತೆ ಬ್ರೆಜಿಲ್ ಎದುರಾದಾಗ ರೊನಾಲ್ಡೊ ಅವರ ಒಂದೇ ಗೋಲಿಗೆ ಸೋತು, ಕೊರಿಯಾವನ್ನು 3-2ರಿಂದ ಸೋಲಿಸಿ ಮೂರನೆಯ ಸ್ಥಾನ ಪಡೆಯಿತು. ಪಂದ್ಯಾವಳಿಯ ಕೊನೆಗೆ ಫಿಫಾ ಆರಿಸಿದ 16 ಮಂದಿಯ ತಾರಾತಂಡದಲ್ಲಿ, ರಾಬರ್ಟೊ ಕಾರ್ಲೊಸ್, ಸೋಲ್ ಕ್ಯಾಂಪ್‌ಬೆಲ್ ಅವರಂಥವರ ಸಾಲಿನಲ್ಲಿ, ಮೊದಲ ಪಂದ್ಯದಲ್ಲೇ ಹೊರದಬ್ಬಿಸಿಕೊಂಡ ಈ ಸ್ಟಾಪರ್ ಹೆಸರೂ ಇತ್ತು.

ಪ್ರಶ್ನೆ: ಬೆಕ್‌ಹ್ಯಾಮ್ ಅವರೊಡನೆ ಜಗಳವಾಡಿದ ಕಾರಣಕ್ಕೆ ಆಲ್ಪಾಯ್ ಅವರನ್ನು ಇಂಗ್ಲೆಂಡಿನಿಂದಲೇ ಓಡಿಸಿದರಂತೆ, ನಿಜವೇ? ಈಗ ಅವರು ಏನು ಮಾಡುತ್ತಿದ್ದಾರೆ?
ಓದುಗರೊಬ್ಬರು, ಶಹಾಪುರ, ಬೆಳಗಾವಿ

ಉತ್ತರ: ಓಡಿಸಿದರು ಎನ್ನುವುದು ಸ್ವಲ್ಪ ಹೆಚ್ಚಾಯಿತು, ಒಪ್ಪಂದವನ್ನು ನಡುವೆಯೇ ಮುಗಿಸಿಕೊಂಡರು ಎಂದರೆ ಸರಿ. ತುರ್ಕಿಯ ಫೆನೆರ್ಬಾಚೆ ಕ್ಲಬ್ಬಿನಿಂದ 56 ಲಕ್ಷ ಪೌಂಡ್ ಕೊಟ್ಟು ಇಂಗ್ಲೆಂಡಿನ ಆಸ್ಟನ್ ವಿಲ್ಲಾ ಕ್ಲಬ್ಬು ಅವರನ್ನು 2000ದಲ್ಲಿ ಕರೆಸಿಕೊಂಡಿತ್ತು. 2003ರ ಅಕ್ಟೋಬರ್ 11ರಂದು ಇಸ್ತಾಂಬುಲ್‌ನಲ್ಲಿ ತುರ್ಕಿಗೂ ಇಂಗ್ಲೆಂಡಿಗೂ ಯುರೋ ಅರ್ಹತಾ ಪಂದ್ಯ. ಪೆನಾಲ್ಟಿ ಹೊಡೆಯಲು ಬಂದ ಡೇವಿಡ್ ಬೆಕ್‌ಹ್ಯಾಮ್ ಕಾಲು ಜಾರಿ ಚೆಂಡನ್ನು ಕಂಬದ ಮೇಲಿಂದ ಆಚೆ ಕಳಿಸಿದಾಗ, ಆಲ್ಪಾಯ್ ಬೆಕ್‌ಹ್ಯಾಮ್ ಮುಖಕ್ಕೆ ಮುಖ ತಾಗಿಸಿ ಕೂಗಿದರು. ವಿರಾಮಕ್ಕೆ ಹೋಗುವಾಗ ಸುರಂಗದಲ್ಲಿ ಎರಡೂ ತಂಡಗಳ ನಡುವೆ ನೂಕಾಟವಾಯಿತು. ಪಂದ್ಯ 0-0. ಇಂಗ್ಲೆಂಡ್ ನೇರವಾಗಿ ಅರ್ಹತೆ ಪಡೆಯಿತು. ವಿಶ್ವಕಪ್ಪಿನಲ್ಲಿ ಮೂರನೆಯದಾಗಿದ್ದ ತುರ್ಕಿ ಪ್ಲೇಆಫ್‌ನಲ್ಲಿ ಲಾಟ್ವಿಯಾಕ್ಕೆ ಸೋತು ಹೊರಗುಳಿಯಿತು. ಅದೇ ತಿಂಗಳು ವಿಲ್ಲಾ ಮತ್ತು ಆಲ್ಪಾಯ್ ಪರಸ್ಪರ ಒಪ್ಪಿಗೆಯಿಂದ ಬೇರಾದರು. ಕೂಗಿದ ಮಾತ್ರಕ್ಕೆ ಕೆಲಸ ಹೋಗಬೇಕೆ ಎಂದು ನೀವು ಕೇಳಬಹುದು. ಎದುರಿಗಿದ್ದವರು ಇಂಗ್ಲೆಂಡಿನ ನಾಯಕ, ತಾನು ಸಂಬಳ ತಿನ್ನುತ್ತಿದ್ದ ಊರು ಇಂಗ್ಲೆಂಡಿನದು. ಅಲ್ಲಿ ಮತ್ತೆ ಆಡುವುದು ಅವರಿಗೂ ಕಷ್ಟವಾಗುತ್ತಿತ್ತು.

ಆಮೇಲೆ ಕೊರಿಯಾದ ಇಂಚಿಯೋನ್ ಯುನೈಟೆಡ್, ಜಪಾನಿನ ಉರಾವಾ ರೆಡ್ಸ್, ಕೊನೆಗೆ ಜರ್ಮನಿಯ ಕೊಲೋನ್ ಕ್ಲಬ್ಬುಗಳಲ್ಲಿ ಆಡಿದರು. 2005ರ ನವೆಂಬರಿನಲ್ಲಿ ವಿಶ್ವಕಪ್ ಪ್ಲೇಆಫ್‌ನಲ್ಲಿ ಸ್ವಿಟ್ಜರ್ಲೆಂಡ್ ವಿರುದ್ಧ ಇಸ್ತಾಂಬುಲ್‌ನಲ್ಲಿ 4-2ರಿಂದ ಗೆದ್ದರೂ, ಎರಡು ಪಂದ್ಯಗಳ ಒಟ್ಟು ಗೋಲು ಸಮವಾಗಿ, ಎದುರಾಳಿ ನೆಲದಲ್ಲಿ ಹೊಡೆದ ಗೋಲುಗಳ ಲೆಕ್ಕದಲ್ಲಿ ತುರ್ಕಿ ಹೊರಬಿತ್ತು. ಪಂದ್ಯ ಮುಗಿದ ಮೇಲೆ ನಡೆದ ಹೊಡೆದಾಟಕ್ಕೆ ಫಿಫಾ ಹಲವರನ್ನು ನಿಷೇಧಿಸಿತು, ಅವರಲ್ಲಿ ಆಲ್ಪಾಯ್ ಕೂಡ ಒಬ್ಬರು. ತುರ್ಕಿಯ ಅಂಗಿ ತೊಟ್ಟು ಅವರು ಆಡಿದ್ದು 90 ಪಂದ್ಯ. ಕೆಲ ಕಾಲ ತರಬೇತುದಾರರಾಗಿದ್ದು, 2018ರಲ್ಲಿ ಆಡಳಿತಾರೂಢ ಎಕೆ ಪಕ್ಷದಿಂದ ತವರೂರು ಇಜ್ಮಿರ್‌ನ ಸಂಸದರಾದರು. 2024ರ ಆಗಸ್ಟಿನಲ್ಲಿ ಸಂಸತ್ತಿನ ವೇದಿಕೆಯಲ್ಲಿ ಮಾತನಾಡುತ್ತಿದ್ದ ವಿರೋಧ ಪಕ್ಷದ ಅಹ್ಮೆತ್ ಶಿಕ್ ಅವರ ಮೇಲೆ ಆಲ್ಪಾಯ್ ಕೈ ಮಾಡಿದ ದೃಶ್ಯವನ್ನು ನೀವೂ ಟಿವಿಯಲ್ಲಿ ನೋಡಿರಬಹುದು. ಅಲ್ಲಿ ರೆಫರಿ ಇರಲಿಲ್ಲ.

ಪ್ರಶ್ನೆ: ನೀವೂ ಹಿಂದೆ ಸ್ಟಾಪರ್ ಆಗಿ ಆಡುತ್ತಿದ್ದಿರೆಂದು ಕೇಳಿದ್ದೇನೆ. ಆ ಜಾಗದಲ್ಲಿ ನೀವಿದ್ದಿದ್ದರೆ ಜಗ್ಗುತ್ತಿದ್ದಿರೋ, ಬಿಡುತ್ತಿದ್ದಿರೋ?
ಹಳೆಯ ಓದುಗರು, ಟಿಳಕವಾಡಿ, ಬೆಳಗಾವಿ

ಉತ್ತರ: ನಾನು ಕಾಲೇಜಿನಲ್ಲಿದ್ದಾಗ ನಿಮ್ಮ ಟಿಳಕವಾಡಿಯ ಲೇಲೆ ಮೈದಾನದಲ್ಲಿಯೇ ಇಂಥ ಒಂದು ಸಂಜೆ ಬಂದಿತ್ತು. ಗೋವಾ ಕಡೆಯಿಂದ ಬಂದ ತಂಡ, ಕೊನೆಯ ನಿಮಿಷಗಳು, ನಮ್ಮವರೆಲ್ಲ ಕಾರ್ನರ್ ಕಿಕ್ಕಿಗೆಂದು ಮುಂದೆ, ಹಿಂದೆ ನಾನೊಬ್ಬನೇ. ಅವರ ತೆಳ್ಳಗಿನ ಹುಡುಗನೊಬ್ಬ ಚೆಂಡು ತೆಗೆದುಕೊಂಡು ನನ್ನ ಎಡಗಡೆಯಿಂದ ಹಾದುಹೋದ, ಗೋಲು ಹೊಡೆದ, ನಾವು ಸೋತೆವು. "ಅಂಗಿ ಹಿಡದ್ ಜಗ್ಗಾಕ ಏನ್ ಧಾಡಿ ಆಗಿತ್ತೋ ನಿನಗ?" ಎಂದು ನಮ್ಮ ಕಪ್ತಾನ ಮೈದಾನದ ನಡುವೆಯೇ ಕೂಗಿದ. ಹಾಗೆ ಜಗ್ಗುವುದು ಆಟದ ಧರ್ಮವಲ್ಲ ಎಂದು ನಾನು ಗಂಭೀರವಾಗಿ ಉತ್ತರ ಕೊಟ್ಟೆ. ಅವನು ಅದನ್ನು ನಂಬಿ ಮುಂದೆ ಎಷ್ಟೋ ವರ್ಷ ಆ ಕಥೆಯನ್ನು ಹೊಸ ಹುಡುಗರಿಗೆ ಹೇಳುತ್ತಿದ್ದ. ಆಲ್ಪಾಯ್ ಅವರಿಗೆ ವ್ಲಾವೊವಿಚ್ ಅಂಗಿ ಎಟುಕುತ್ತಿತ್ತು, ಅವರು ಬಿಟ್ಟರು. ಆ ಗೋವಾದ ಹುಡುಗನ ಅಂಗಿಗೆ ನಾನು ಎರಡು ಸಲ ಕೈ ಚಾಚಿದ್ದೆ, ಎರಡೂ ಸಲ ಒಂದು ಗೇಣು ಕಡಿಮೆ ಬಿತ್ತು.