ಆಯಿ ಹೇಳುವ ಕಥೆ ರೆಕಾರ್ಡಿಂಗಿನಲ್ಲಿ ಯಾಕೆ ಚಿಕ್ಕದಾಗುತ್ತದೆ?

ಮನೆಯಲ್ಲಿ ಅರ್ಧ ಗಂಟೆ ಹಿಡಿಯುವ ಕಥೆ ಫೋನಿನ ಮುಂದೆ ಐದೇ ನಿಮಿಷಕ್ಕೆ ಮುಗಿಯುವುದು ‘ಹೂಂ’ ಅನ್ನುವವರು ಇಲ್ಲದ್ದರಿಂದ. ಕಥೆ ಬಾಯಿಪಾಠವಲ್ಲ, ಕೇಳುವವರು ಹೂಂಗುಟ್ಟಿದಂತೆ ಆಯಿ (ಅಜ್ಜಿ), ಮುತ್ಯಾ (ಅಜ್ಜ) ಅದಕ್ಕೆ ಹಾಡು, ಅಣಕ, ಮಾತುಕತೆ ಸೇರಿಸುತ್ತಾ ಹೋಗುತ್ತಾರೆ. ಬರೀ ಯಂತ್ರಕ್ಕೆ ಹೇಳುವಾಗ ಸಾರಾಂಶವಷ್ಟೇ ಉಳಿಯುತ್ತದೆ. ಹಾಗಾಗಿ ಆ ಕಥೆ ಕೇಳಿರದ ಮೊಮ್ಮಗುವನ್ನು ಎದುರಿಗೆ ಕೂರಿಸಿ.

ಫ್ಯಾನ್ ಆರಿಸಿ (ಕಲಬುರಗಿ ಬೇಸಿಗೆಯಲ್ಲಿ ಕಷ್ಟವೇ, ನಸುಕಿನಲ್ಲಿ ಕೂತರೆ ವಾಸಿ). ಮೈಕು ಬಾಯಿಂದ ಒಂದು ಗೇಣು ದೂರ, ತುಸು ಓರೆಯಾಗಿರಲಿ. ನೇರ ಹಿಡಿದರೆ ಉಸಿರು ಬಡಿಯುತ್ತದೆ. ಎಂಪಿ3 ದನಿಯ ಸೂಕ್ಷ್ಮಗಳನ್ನು ಕತ್ತರಿಸುತ್ತದೆ, ದನಿಯನ್ನು ಕುಗ್ಗಿಸದೆ ಉಳಿಸುವ ವೇವ್ (WAV) ಕಡತವೇ ಇರಲಿ: ರೆಕಾರ್ಡಿಂಗ್ ಸೆಟ್ಟಿಂಗಿನಲ್ಲಿ 48 ಕಿಲೋಹರ್ಟ್ಸ್, 24 ಬಿಟ್, ಮೊನೊ (ಒಂದೇ ಚಾನೆಲ್) ಆದರೆ ಗಂಟೆಗೆ ಸುಮಾರು 500 ಎಂಬಿ. ಬರೆದಿಳಿಸುವಾಗ ‘ಹೋಗ್ಯಾನ’ ಅಂದದ್ದನ್ನು ‘ಹೋಗಿದ್ದಾನೆ’ ಎಂದು ತಿದ್ದಬೇಡಿ.