ದುಪಟ್ಟಾಕ್ಕೆ ಸಿಗಿಸಿದ ಮೈಕ್

ಗುರುತು ಸಿಗದಂತೆ ವಿವರ ಬದಲಿಸಿದ್ದೇನೆ. ಸಲಹೆ ಕೇಳಿ ನನ್ನ ಹತ್ತಿರ ಬಂದ ಹುಡುಗನಿಗೆ 27. ಬಳ್ಳಾರಿಯ ಜೀನ್ಸ್ ಯೂನಿಟ್ಟಿನಲ್ಲಿ ಟೈಲರ್, ಪೀಸ್ ಲೆಕ್ಕದ ಕೂಲಿ. ದೀಪಾವಳಿ ಮುಂದೆ ಕೈತುಂಬ ಕೆಲಸ, ಆಮೇಲೆ ವಾರಗಟ್ಟಲೆ ಖಾಲಿ. ಎರಡು ವರ್ಷದಿಂದ ಪ್ರೀತಿಸುತ್ತಿದ್ದ ಸಿರುಗುಪ್ಪದ ಹುಡುಗಿ ಒಂದು ದಿನ "ತಿಂಗಳಿಗೆ ಎಷ್ಟು ಉಳಿಯುತ್ತೆ?" ಅಂತ ಕೇಳಿದಳಂತೆ. ಅಷ್ಟೇ.

"ಮೇಡಂ, ಆಕಿ ರೊಕ್ಕ ನೋಡೇ ಬಂದಾಳ."

ಪರೀಕ್ಷೆ ಮಾಡೋಣ ಅಂತ ಕೆಲಸ ಹೋಯ್ತು ಎಂದು ಸುಳ್ಳು ಹೇಳಿದ. ಅವಳು ಪಾಪ, ಚೀಟಿ ಎತ್ತಿ 10 ಸಾವಿರ ಕಳಿಸಿದಳು. ಅದಕ್ಕೂ ಅನುಮಾನ! ಸಾಲ ಕೊಟ್ಟು ಕಟ್ಟಿಹಾಕ್ತಾಳೆ ಅಂತ.

ಈ ಪರೀಕ್ಷೆ ಎಲ್ಲಿಂದ ಬಂತು ಅಂದರೆ ಫೋನಿನಲ್ಲಿ ವಿಡಿಯೋಗಳನ್ನು ತೋರಿಸಿದ. ಹಳೇ ಸ್ಕೂಟಿಯ ಹುಡುಗನಿಗೆ ಮುಖ ತಿರುಗಿಸುವವಳು, ಅವನು ಕಾರಿನ ರಿಮೋಟ್ ಒತ್ತಿದ ಕೂಡಲೇ ಓಡಿ ಬರ್ತಾಳೆ. ಒಂದರ ಹಿಂದೊಂದು ಅದೇ ಕಥೆ. ಒಂದು ಕಡೆ ನಿಲ್ಲಿಸಿ ದೊಡ್ಡದು ಮಾಡಿ ನೋಡು ಅಂದೆ. "ಅಪರಿಚಿತ" ಹುಡುಗಿಯ ದುಪಟ್ಟಾಕ್ಕೆ ಪುಟ್ಟ ಮೈಕ್ ಸಿಗಿಸಿತ್ತು. ಅವನು ತುಂಬಾ ಹೊತ್ತು ಅದನ್ನೇ ನೋಡಿದ.

ಧಾರಾವಾಹಿಯಲ್ಲೂ ಹಂಗೇ ಅಲ್ವಾ, ಆಸ್ತಿ ಪತ್ರದ ಮೇಲೆ ಕಣ್ಣಿಟ್ಟವಳು ಸೊಸೆಯೇ, ಸಿನಿಮಾದಲ್ಲಿ ಶ್ರೀಮಂತನ ಹಿಂದೆ ಹೋಗುವವಳೂ ಹುಡುಗಿಯೇ, ಕುಡಿದು ಹಾಡುವ ಹೀರೋಗೆ ಮನೆ ಬಾಡಿಗೆ ಯಾರು ಕಟ್ತಾರೆ ಅಂತ ಮಾತ್ರ ಯಾರೂ ಕೇಳಲ್ಲ. ಮದುವೆಗೆ ಮುಂಚೆ ಸಂಬಳ ಕೇಳೋದು ದುರಾಸೆ ಅಲ್ಲ. ನನ್ನ ಮಗಳಾಗಿದ್ದರೆ ಕೇಳು ಅಂತ ನಾನೇ ಹೇಳ್ತಿದ್ದೆ.

ಎರಡನೇ ಸಲ ಬಂದಾಗ ಬಾಯಿ ಬಿಟ್ಟ: ಅವನ ತಾಯಿ 5 ತೊಲ ಬಂಗಾರ, ಒಂದು ಬೈಕ್ ಕೇಳಿದ್ದಾರೆ. "ಅದು ಪದ್ಧತಿ ಮೇಡಂ." ನನಗೆ ನಗು ಬಂತು, ತಡೆದುಕೊಂಡೆ. ಹಾಗಾದರೆ ರೊಕ್ಕ ನೋಡಿದ್ದು ಯಾರು? 1961ರ ವರದಕ್ಷಿಣೆ ಕಾಯ್ದೆ ಪ್ರಕಾರ ಕೊಡೋದು, ತಗೊಳ್ಳೋದು ಮಾತ್ರವಲ್ಲ, ಕೇಳೋದೂ ಅಪರಾಧ ಅಂತ ಬಿಡಿಸಿ ಹೇಳಿದೆ.

ಮೊದಲು ಸುಳ್ಳು ಒಪ್ಪಿಕೋ, 10 ಸಾವಿರ ವಾಪಸ್ ಕೊಡು. ಬೈದರೆ ಸುಮ್ನೆ ಕೇಳಿಸಿಕೋ. ಬಂಗಾರ ಬೇಡ ಅಂತ ತಾಯಿಗೆ ನೀನೇ ಹೇಳಬೇಕು, ಅವಳ ಕೈಲಿ ಹೇಳಿಸಬೇಡ. ಆಮೇಲೆ ಇಬ್ಬರೂ ಕೂತು ಗಳಿಕೆ, ಸಾಲ, ಚೀಟಿ ಎಲ್ಲ ಒಂದೇ ಹಾಳೆಯಲ್ಲಿ ಬರೀರಿ. ನಾನು ಹೇಳಿದ್ದು ಇಷ್ಟು.

ಎರಡು ವಾರ ಬಿಟ್ಟು ಇಬ್ಬರೂ ಬಂದರು. ಅವಳು ಒಂದು ಕುರ್ಚಿ ಬಿಟ್ಟು ಕೂತಳು. ಸಿಟ್ಟು ಇಳಿದಿರಲಿಲ್ಲ. ತನ್ನ ಲೆಕ್ಕ ಬರೆದ ಹಾಳೆಯನ್ನು ಅವನ ಕಡೆ ತಳ್ಳಿದಳು. ಜೀನ್ಸ್ ಬಟ್ಟೆಯ ನೀಲಿ ಅವನ ಉಗುರ ಸಂದಿಯಲ್ಲಿ ಹಾಗೇ ಇತ್ತು. ಪೆನ್ನು ಹಿಡಿದು "ಸಾಲ" ಅಂತ ಬರೆದ. ಮೊತ್ತ ಬರೆಯೋಕೆ ಸ್ವಲ್ಪ ಹೊತ್ತು ಹಿಡಿಯಿತು.